ಎಂಟು ಅಂಕಣದ ಗಾಜಿನ ಮನೆ

"ಈ ಪೆಟ್ಟಿಗಿ ಬಾಗಿಲಾ ತಗದೋರು ಯಾರು?"

ಶಿವಲೀಲಾಳ ದನಿ ಲ್ಯಾಬಿನ ಒಳಗಿನಿಂದ ಹೊರಗಿನ ಪಡಸಾಲೆಯವರೆಗೂ ಕೇಳಿಸಿತು. ಕಾವಲುಗಾರ ಮದಾರಸಾಬ ಗಾಬರಿಯಿಂದ ಎದ್ದು ನಿಂತ. ಪಕ್ಕದ ಬೆಂಚಿನಲ್ಲಿ ಕೈಚೀಲ ಹಿಡಿದು ಕೂತಿದ್ದ ತರುಣನೂ ಎದ್ದ.

ಅವಳ ಕೈಯಲ್ಲಿ ಬೆರಳುದ್ದದ ಗಾಜಿನ ಪಟ್ಟಿ ಇತ್ತು. ಪಟ್ಟಿಯ ಮೇಲೆ ಎಂಟು ಪುಟ್ಟ ಕೋಣೆಗಳು, ಅವಕ್ಕೊಂದು ಮುಚ್ಚಳ. ಒಂದೊಂದು ಕೋಣೆಯಲ್ಲೂ ಒಂದಿಷ್ಟು ಹನಿ ಪೋಷಕ ದ್ರವ, ಅದರಲ್ಲಿ ದಾಳಿಂಬೆ ಗಿಡದ ಜೀವಕೋಶಗಳು. ತಳದ ಗಾಜು ತೆಳುವಾದ್ದರಿಂದ ಪಟ್ಟಿಯನ್ನು ಹಾಗೆಯೇ ಸೂಕ್ಷ್ಮದರ್ಶಕಕ್ಕೆ ಇಟ್ಟು ಕೋಶಗಳು ಬೆಳೆಯುವುದನ್ನು ನೋಡಬಹುದು. ಶಿವಲೀಲಾ ಅದಕ್ಕೆ 'ಎಂಟು ಅಂಕಣದ ಮನಿ' ಅನ್ನುತ್ತಿದ್ದಳು. ಇಂಥ ಪಟ್ಟಿಗಳನ್ನು ಹದವಾದ ಬಿಸಿಯಲ್ಲಿಡುವುದು ಆ ಪೆಟ್ಟಿಗೆ.

ಇವತ್ತು ಆ ಎಂಟೂ ಅಂಕಣಗಳಲ್ಲಿ ಹತ್ತಿಯಂಥ ಬಿಳಿ ಬೂಷ್ಟು ತುಂಬಿತ್ತು.

"ಗುರುವಾರ ನಾ ಊಟಕ್ಕ ಹೋದಾಗ ಯಾರೋ ಒಳಗ ಬಂದಾರ. ಪೆಟ್ಟಿಗಿ ಬಾಗಿಲಿಗೆ ಭಸ್ಮ ಹಚ್ಯಾರ. ಯಾರು ಅಂತ ಹೇಳ್ರಿ ಮದಾರಸಾಬ್."

"ನಾನರಿ," ಅಂದ ಆ ತರುಣ.

ಶಿವಲೀಲಾ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಇಸ್ತ್ರಿ ಮಾಡಿದ ಅಂಗಿ, ಕೆಮ್ಮಣ್ಣು ಹತ್ತಿದ ಚಪ್ಪಲಿ.

"ನಿಮಗ ಯಾರು ಬಿಟ್ರು ಒಳಗ? ಇದೇನು ಗುಡೀನ? ಹೊರಗ ಬೋರ್ಡ್ ಹಾಕೇತಲ್ಲ, ಓದಾಕ ಬರೂದಿಲ್ಲೇನು?"

"ಬರತೈತ್ರಿ. ಆದ್ರ ಒಳಗ ಇರೋದು ನನ್ನ ಗಿಡ. ಗುರುವಾರ ಬಂದಾಗ ನೀವು ಇರಲಿಲ್ಲ, ಹಬ್ಬಕ್ಕ ಒಂದು ಕೈ ಮುಗಿಯೂಣು ಅಂತ ಬಾಗಿಲಾ ತಗದೆ. ಇವತ್ತ ನಿಮ್ಮನ್ನ ಕಾಣಾಕ ಮತ್ತ ಬಂದೀನಿ. ಅದಕ್ಕ ಇಷ್ಟ್ಯಾಕ ಒದರಾಡತೀರಿ?"

ಈ ದನಿ... ಈ ದನಿ ಅವಳಿಗೆ ಗೊತ್ತು.

"ನೀವು... ಬೇವೂರಿನ ಗಾಳೇಶ?"

"ಹೌದ್ರಿ. ನೀವು ಶಿವಲೀಲಾ ಮೇಡಂ. ದನಿ ಕೇಳಿದ ಕೂಡಲೆ ಗೊತ್ತಾತು. ಫೋನಿನ್ಯಾಗ ಇಷ್ಟು ಖಾರ ಇರಲಿಲ್ಲ ಬಿಡ್ರಿ."

ಬೇವೂರಿನ ಅವನ ತೋಟಕ್ಕೆ ಹಿಂದಿನ ವರ್ಷ ಚುಕ್ಕೆ ರೋಗ ಬಿದ್ದು, ದಾಳಿಂಬೆ ಗಿಡಗಳನ್ನೆಲ್ಲ ಕಡಿದು ಸುಡಬೇಕಾಯಿತು. ಒಂದೇ ಒಂದು ಗಿಡ ಮಾತ್ರ ಒಂದೆಲೆಯ ಮೇಲೂ ಚುಕ್ಕೆ ಇಲ್ಲದೆ ನಿಂತಿತ್ತು. ರೋಗ ತಡೆಯುವ ತಳಿ ಸಿಕ್ಕಿತೆಂದು ಕೊಪ್ಪಳದ ಈ ಖಾಸಗಿ ಲ್ಯಾಬಿನವರು ಅದರ ಎಲೆ ತಂದು ಕೋಶ ಬೆಳೆಸಲು ಇಟ್ಟರು. ಆಮೇಲೆ ತೋಟಕ್ಕೆ ಬಂದ ಬೋರ್‌ವೆಲ್ ಲಾರಿ ಹಿಂದಕ್ಕೆ ಸರಿಯುವಾಗ ಆ ಗಿಡವೂ ಬುಡಸಮೇತ ಮುರಿದು ಬಿತ್ತು. ನೆಟ್ಟ ಟೊಂಗೆಗಳಲ್ಲಿ ಒಂದೂ ಚಿಗುರಲಿಲ್ಲ.

ಈಗ ಆ ಗಿಡ ಉಳಿದಿದ್ದು ಶಿವಲೀಲಾಳ ನಾಲ್ಕು ಗಾಜಿನ ಪಟ್ಟಿಗಳಲ್ಲಿ ಮಾತ್ರ.

ಅಂದಿನಿಂದ ಪ್ರತಿ ಸೋಮವಾರ ಗಾಳೇಶನ ಫೋನು. "ನಮ್ಮ ಗಿಡ ಹೆಂಗೈತ್ರಿ?" ಅಂತ ಶುರುವಾದ ಮಾತು ಬರಬರುತ್ತಾ "ನೀವು ಹೆಂಗದೀರಿ?" ಅನ್ನುವವರೆಗೆ ಬಂದಿತ್ತು. ಅವನ ಮುಖ ಹೇಗಿರಬಹುದೆಂದು ಅವಳು ಎಷ್ಟೋ ಸಲ ಊಹಿಸಿದ್ದಳು. ಹೀಗೆ ನೋಡುತ್ತೇನೆಂದು ಮಾತ್ರ ಊಹಿಸಿರಲಿಲ್ಲ.

ಪ್ರೀತಿ ಹುಟ್ಟಿದ ಕಡೆ ಸಿಟ್ಟಿಗೆ ಇನ್ನೊಂದು ಹಲ್ಲು ಹೆಚ್ಚು. ಅವಳು ಆ ಗಾಜಿನ ಪಟ್ಟಿಯನ್ನು ಅವನ ಮುಖದ ಮುಂದೆ ಹಿಡಿದಳು.

"ನೋಡ್ರಿ. ಇದು ಬೂಷ್ಟು. ನಾಲ್ಕರಾಗ ಮೂರು ಪಟ್ಟಿ ಹೋದುವು. ನಿಮ್ಮ ಗಿಡ ನಿಮ್ಮ ಕೈಯಿಂದನ ಸತ್ತೈತಿ."

ಗಾಳೇಶನ ಮುಖದ ನಗು ಹೋಯಿತು. "ಖರೇನ್ರಿ?"

"ಖರೇ."

ಅವನು ಕೈಚೀಲವನ್ನು ಬೆಂಚಿನ ಮೇಲಿಟ್ಟು, ಹೊಸ್ತಿಲು ದಾಟಿ ಹೋದ. ಚೀಲದಲ್ಲಿ ಅವನ ತಾಯಿ ಕಳಿಸಿದ ಶೇಂಗಾ ಹೋಳಿಗೆ ಇತ್ತು.

"ಇದನ್ನೇನು ಮಾಡ್ಲಿರೀ ಬಾಯಾರ?" ಮದಾರಸಾಬ ಮೆಲ್ಲಗೆ ಕೇಳಿದ.

"ನೀವ ತಿನ್ರಿ. ಒಳಗ ಬಿಟ್ಟೋರು ನೀವ ಅಲ್ಲೇನು?"

ಸೋಮವಾರ ಫೋನು ಬರಲಿಲ್ಲ.

'ಬರಬಾರದು ಮತ್ತ. ಯಾವ ಮುಖ ಇಟ್ಕೊಂಡು ಮಾಡ್ತಾನ?' ಎಂದು ಶಿವಲೀಲಾ ಮನಸ್ಸಿನಲ್ಲೇ ಬೈದುಕೊಂಡಳು. ಆದರೂ ಕಿವಿ ಮಾತ್ರ ಮೇಜಿನ ಮೇಲಿನ ಫೋನಿನ ಕಡೆಗೇ ಇತ್ತು.

ಆ ಮಧ್ಯಾಹ್ನ ಉಳಿದ ನಾಲ್ಕನೆಯ ಪಟ್ಟಿಯನ್ನು ಸೂಕ್ಷ್ಮದರ್ಶಕದ ಕೆಳಗಿಟ್ಟಳು. ಐದು ಅಂಕಣಗಳಲ್ಲಿ ಕೋಶಗಳು ತಾವಾಗಿಯೇ ಸೊರಗಿದ್ದವು, ಮೂರರಲ್ಲಿ ಜೀವ ಇತ್ತು. ಎಂಟರಲ್ಲೂ ಬೂಷ್ಟಿನ ಒಂದು ಎಳೆಯೂ ಇರಲಿಲ್ಲ.

ಅವಳ ಕೈ ನಿಂತಿತು.

ಬಾಗಿಲು ತೆಗೆದಾಗ ಗಾಳಿಯಿಂದ ಬಂದಿದ್ದರೆ ಇದಕ್ಕೂ ಬರಬೇಕಿತ್ತು. ಇದೂ ಅದೇ ಪೆಟ್ಟಿಗೆಯಲ್ಲಿ, ಅದೇ ಸಾಲಿನಲ್ಲಿ ಇತ್ತಲ್ಲ? ಈ ಪಟ್ಟಿಗೂ ಉಳಿದವಕ್ಕೂ ಇದ್ದ ವ್ಯತ್ಯಾಸ ಒಂದೇ. ಬುಧವಾರ ಮುಂಜಾನೆ ಅವಳು ಹಳೆಯ ದ್ರವ ತೆಗೆದು ಹೊಸದು ಹಾಕುವಾಗ ಬಾಟಲಿ ಖಾಲಿಯಾಗಿ ಇದೊಂದು ಉಳಿದಿತ್ತು. ಇದರ ಮುಚ್ಚಳವನ್ನು ಅವಳು ತೆಗೆದಿರಲೇ ಇಲ್ಲ.

ಗಾಳೇಶ ತೆಗೆದಿದ್ದು ಪೆಟ್ಟಿಗೆಯ ಬಾಗಿಲು. ಪಟ್ಟಿಗಳ ಮುಚ್ಚಳ ತೆಗೆದವಳು ಅವಳೇ.

'ಇಲ್ಲ... ನಾ ಕೈ ತೊಳದಿದ್ದೆ. ಕೈಗವಸು ಹಾಕಿದ್ದೆ. ತಲಿಗೆ ಟೋಪಿ ಹಾಕಿದ್ದೆ.'

ಸಂಜೆ ಮನೆಗೆ ಹೋದಾಗ ತಾಯಿ ಕಸ್ತೂರೆಮ್ಮ ದೇವರ ಮುಂದೆ ಕೂತಿದ್ದರು. ನವರಾತ್ರಿಯೆಂದು ಘಟ ಹಾಕಿದ್ದರು: ಪತ್ರಾವಳಿಯ ಮೇಲೆ ಹೊಲದ ಹಸಿ ಮಣ್ಣು, ಮಣ್ಣಿನಲ್ಲಿ ನವಧಾನ್ಯ, ನಡುವೆ ನೀರು ತುಂಬಿದ ಮಡಿಕೆ. ದಿನಾ ನೀರು ಚಿಮುಕಿಸಿ, ಹಬ್ಬ ಮುಗಿಯುವುದರೊಳಗೆ ಸಸಿ ಎಬ್ಬಿಸುವುದು ರೂಢಿ.

"ಸಸಿ ಹೆಂಗ ಎದ್ದಾವ ನೋಡವ್ವಾ. ಈ ಸಲ ಬೆಳಿ ಛಲೋ ಬರತೈತಿ. ಬಾ ಇಲ್ಲಿ, ಘಟದ ಮ್ಯಾಲಿನ ಹೂವು ಮುಡಕೋ. ದಿನಾ ಮುಂಜಾನೆ ಮುಡಕೊಂಡು ಹೋಗ್ತಿದ್ದೆಲ್ಲ, ಇವತ್ತ್ಯಾಕ ಮರತು ಹೋದಿ?"

ಕಸ್ತೂರೆಮ್ಮ ಹೂವು ಎತ್ತಿದರು. ರಾತ್ರಿಯೆಲ್ಲ ಹಸಿ ಮಣ್ಣಿನ ಮೇಲೆ ಬಿದ್ದಿದ್ದ ಮಲ್ಲಿಗೆ ದಂಡೆ. ಪತ್ರಾವಳಿಯ ಅಂಚಿಗೆ ಹತ್ತಿಯಂಥ ಬಿಳುಪು, ಅದರ ಮೇಲೆ ಗುಂಡುಸೂಜಿಯ ತಲೆಯಂಥ ಕರಿ ಚುಕ್ಕೆಗಳು.

ಶಿವಲೀಲಾ ಹೂವು ತೆಗೆದುಕೊಳ್ಳಲಿಲ್ಲ. ಬಗ್ಗಿ ಆ ಬಿಳುಪನ್ನು ನೋಡಿದಳು. ಬುಧವಾರ ಅದೇ ಹೂವು ಮುಡಿದು, ಹೂವು ನಲುಗಬಾರದೆಂದು ಟೋಪಿಯನ್ನು ಸಡಿಲಾಗಿ ಹಾಕಿಕೊಂಡು, ತಲೆ ಬಗ್ಗಿಸಿ ಆ ಮೂರು ಪಟ್ಟಿಗಳ ಮುಚ್ಚಳ ತೆಗೆದಿದ್ದಳು.

ಮರುದಿನ ಪತ್ರಾವಳಿಯ ಬೂಷ್ಟನ್ನು ಡಬ್ಬಿಯಲ್ಲಿ ಲ್ಯಾಬಿಗೆ ಒಯ್ದು, ಕೆಟ್ಟ ಪಟ್ಟಿಯ ಬೂಷ್ಟಿನ ಪಕ್ಕ ಸೂಕ್ಷ್ಮದರ್ಶಕದಲ್ಲಿ ನೋಡಿದಳು. ಎರಡೂ ಒಂದೇ. ಒಂದೇ ತಾಯಿಯ ಮಕ್ಕಳಂತೆ.

ಲ್ಯಾಬಿನ ಮುಖ್ಯಸ್ಥ ಪ್ರಭುರಾಜ ಎಲ್ಲ ಕೇಳಿ ಕುರ್ಚಿಗೆ ಒರಗಿದರು.

"ನೋಡ್ರಿ ಶಿವಲೀಲಾ, ಅಂವ ತಪ್ಪು ಒಪ್ಕೊಂಡು ಹೋಗ್ಯಾನ. ಬಾಗಿಲಾ ತಗದಿದ್ದೂ ಖರೇ. ಈಗ ನಾವ ಹೋಗಿ ನಮ್ಮದು ತಪ್ಪು ಅಂದ್ರ, ನಾಳೆ ಯಾವ ರೈತ ನಮಗ ಗಿಡ ಕೊಡ್ತಾನ?"

"ಅಂದ್ರ ಅಂವ ತನ್ನ ಗಿಡ ತಾನ ಕೊಂದೆ ಅಂತ ಸಾಯೂತನ ಅಳಬೇಕೇನ್ ಸರ?"

"ನಾ ಹಂಗ ಅನ್ನಲಿಲ್ಲ..."

"ಮತ್ತ ಹೆಂಗ ಅಂದ್ರಿ? ನೀವು ಹೇಳೂದಿಲ್ಲ ಅಂದ್ರ ನಾ ಹೇಳ್ತೀನಿ. ಆಮ್ಯಾಲ ನನ್ನ ಇಟ್ಕೊಳ್ರಿ, ಬಿಡ್ರಿ."

ದಸರಾ ದಿನ ಯಲಬುರ್ಗಾದಲ್ಲಿ ಬಸ್ಸು ಬದಲಿಸಿ ಅವಳು ಬೇವೂರಿಗೆ ಇಳಿದಳು. ದಾರಿಯುದ್ದಕ್ಕೂ ತನ್ನನ್ನೇ ಬೈದುಕೊಂಡು ಬಂದಿದ್ದಳು. ಬೇರೆಯವರನ್ನು ಬೈಯುವುದು ಸಲೀಸು, ಅವರು ತಿರುಗಿ ಬೈದರೆ ಅರ್ಧ ಭಾರ ಇಳಿಯುತ್ತದೆ. ತನ್ನನ್ನು ತಾನು ಬೈದುಕೊಂಡರೆ ಆ ಸುಖವೂ ಇಲ್ಲ.

ಗಾಳೇಶ ತೋಟದಲ್ಲಿದ್ದ. ಖಾಲಿ ಗುಣಿಗಳಿಗೆ ಮಣ್ಣು ಎಳೆದು ಮುಚ್ಚುತ್ತಿದ್ದ. ಗಡ್ಡ ಬೆಳೆದಿತ್ತು. ಅವಳನ್ನು ಕಂಡರೂ ಸಲಿಕೆ ನಿಲ್ಲಿಸಲಿಲ್ಲ.

"ಇಲ್ಲಿ ಏನೂ ಉಳದಿಲ್ರಿ ಮೇಡಂ. ನೋಡಾಕ ಬಂದಿದ್ರ ಹೊಂಡ್ರಿ."

"ಹೇಳಾಕ ಬಂದೀನಿ. ಬೂಷ್ಟು ನಿಮ್ಮಿಂದ ಬಂದಿಲ್ಲ. ನನ್ನಿಂದ ಬಂದೈತಿ."

ಸಲಿಕೆ ನಿಂತಿತು. ಅವಳು ಹೂವಿನ ಮಾತು, ಟೋಪಿಯ ಮಾತು, ಉಳಿದ ಪಟ್ಟಿಯ ಮಾತು, ಒಂದನ್ನೂ ಮುಚ್ಚಿಡದೆ ಹೇಳಿದಳು. ಅವನು ಪೂರ್ತಿ ಕೇಳಿದ. ಆಮೇಲೆ ಅವನ ಕುತ್ತಿಗೆಯ ನರ ಉಬ್ಬಿತು.

"ಅಂದ್ರ ಇಷ್ಟು ದಿನ... ನಾ ಬಾಯಿಗೆ ತುತ್ತು ಇಟ್ಟಿಲ್ಲ, ಗೊತ್ತೈತೇನ್ರಿ? ನಮ್ಮವ್ವನ ಮುಖ ನೋಡಾಕ ಆಗಿಲ್ಲ. ಆ ಗಿಡಾನ ಅಕಿ ಸಾಕಿದ್ದು. ಅದನ್ನ ನಾನ ಕೊಂದೆ ಅಂತ ಅಕಿಗೆ ಹೇಳಿದೆ. ನಿಮಗೊಂದು ಹೂವಿನ ಸೊಗಸು, ನನಗ ಕೊಲೆಗಾರ ಅನ್ನೂ ಹೆಸರು."

"ಬೈರಿ. ಬೈಸ್ಕೊಳ್ಳಾಕ ಬಂದೀನಿ."

"ನೀವು ಬೈರಿ ಅಂದ್ರ ಬೈತೀನೇನು? ನನ್ನ ಸಿಟ್ಟು ನಿಮ್ಮ ಹೇಳಿಕಿ ಮ್ಯಾಲ ನಡಿಯೂದಿಲ್ಲ."

ಗುಡಿಸಲ ಕಡೆಯಿಂದ ಅವನ ತಾಯಿ ಮಾರೆವ್ವ ಬನ್ನಿ ಎಲೆ ಹಿಡಿದು ಬಂದಳು. ಬನ್ನಿ ಕೊಟ್ಟು ತಗೊಂಡರೆ ವರ್ಷದ ಜಗಳ ಮುಗಿದಂತೆ. ಅಲ್ಲಿ ಅದು ಕಟ್ಟುನಿಟ್ಟಾದ ಪದ್ಧತಿ.

"ಎಲ್ಲಾ ಕೇಳಿಸ್ಕೊಂಡೀನಿ. ಹಬ್ಬದ ದಿನ ಮನಿಗೆ ಬಂದಾಕಿನ್ನ ಬಿಸಲಾಗ ನಿಲ್ಸಿ ಜಗಳ ಮಾಡ್ತಿ, ನಾಚಿಕಿ ಬರೂದಿಲ್ಲೇನಲೇ? ತಗೋ ತಂಗಿ, ಅವಗ ಬನ್ನಿ ಕೊಡು."

ಶಿವಲೀಲಾ ಎಲೆ ಚಾಚಿದಳು. ಅವನು ಕೈ ನೀಡಲಿಲ್ಲ.

"ಒಲ್ಲೆರಿ. ತಗೊಂಡ್ರ ಸಿಟ್ಟು ಬಿಟ್ಟಂಗ. ಬಿಟ್ಟಿಲ್ಲ. ಸುಳ್ಳು ಬನ್ನಿ ನನಗ ಬ್ಯಾಡ."

ಅಲ್ಲಿಯವರೆಗೆ ತಡೆದುಕೊಂಡಿದ್ದ ಅವಳ ಸಿಟ್ಟೂ ಹೊರಬಿತ್ತು.

"ಹಂಗಾದ್ರ ನಂದೂ ಕೇಳ್ರಿ. ನನಗೂ ನಿಮ್ಮ ಮ್ಯಾಲ ಸಿಟ್ಟೈತಿ. 'ಮುಚ್ಚಳಾ ನಾ ಮುಟ್ಟಿಲ್ಲ' ಅಂತ ಒಂದು ಮಾತು ಯಾಕ ಅನ್ನಲಿಲ್ಲ? ನಾ ಒದರಿದೆ, ನೀವು ಸುಮ್ಕ ಹೊಂಟು ಬಂದ್ರಿ. ಜಗಳ ಮಾಡಬೇಕಿತ್ತಿಲ್ಲ?"

"ಹೆಂಗ ಮಾಡಲಿ? 'ಖರೇನ್ರಿ?' ಅಂತ ಕೇಳಿದೆ. ನೀವು 'ಖರೇ' ಅಂದ್ರಿ." ಅವನ ದನಿ ಮೊದಲ ಸಲ ಒಡೆಯಿತು. "ಇಷ್ಟು ತಿಂಗಳು ನೀವು ಹೇಳಿದ್ದರಾಗ ಒಂದೂ ಸುಳ್ಳಾಗಿರಲಿಲ್ಲ. ಕೋಶ ಸತ್ತಾಗ ಸತ್ತುವು ಅಂದ್ರಿ, ಬೆಳದಾಗ ಬೆಳದುವು ಅಂದ್ರಿ. ನನ್ನ ಕೈಗಿಂತ ನಿಮ್ಮ ಮಾತಿನ ಮ್ಯಾಲ ನನಗ ನಂಬಿಕಿ ಹೆಚ್ಚಿತ್ತು. ಅದಕ್ಕ ನಂಬಿದೆ."

ಅವನು ಬೈದಿದ್ದರೆ ಅವಳಿಗೆ ಇಷ್ಟು ನೋಯುತ್ತಿರಲಿಲ್ಲ. ಕಣ್ಣೀರು ಗಲ್ಲದ ಮೇಲೆ ಇಳಿಯಿತು, ಒರೆಸಿಕೊಳ್ಳಲೂ ಇಲ್ಲ.

"ಒಂದು ಪಟ್ಟಿ ಉಳದೈತಿ," ಅಂದಳು. "ಮೂರು ಅಂಕಣದಾಗ ಜೀವ ಐತಿ. ನಾಳೆ ಅದಕ್ಕ ಊಟ ಹಾಕಬೇಕು. ಒಬ್ಬಾಕಿನ ಹಾಕಾಕ ಅಂಜಿಕಿ ಆಗತೈತಿ. ಬರ್ರಿ. ನಿಮ್ಮ ಕಣ್ಣೆದುರಿಗೆ ಹಾಕ್ತೀನಿ. ಸಿಟ್ಟಿನ್ಯಾಗ ಬಂದ್ರೂ ಸರಿ."

"ಸಿಟ್ಟಿನ್ಯಾಗನ ಬರ್ತೀನಿ," ಅಂದ ಗಾಳೇಶ.

ಬಂದ. ಗಡ್ಡ ಬೋಳಿಸಿಕೊಂಡು, ಮೊಳಕೈವರೆಗೆ ಕೈ ತೊಳೆದುಕೊಂಡು, ಲ್ಯಾಬಿನ ಕೋಟು ಹಾಕಿ, ಟೋಪಿಯನ್ನು ಹಿಂದುಮುಂದಾಗಿ ಧರಿಸಿ ನಿಂತ. ಬಾಗಿಲ ಹೊರಗೆ ಪ್ರಭುರಾಜ ಸುಮ್ಮನೆ ನಿಂತು ನೋಡುತ್ತಿದ್ದರು. ಅವಳನ್ನು ಕೆಲಸದಿಂದ ತೆಗೆಯುವ ಮಾತು ಅವರು ಎತ್ತಲಿಲ್ಲ. ತಪ್ಪನ್ನು ತಾನೇ ಹೋಗಿ ಹೇಳಿ ಬರುವವಳು ಸಿಗುವುದು ಕಷ್ಟ ಎಂಬಷ್ಟು ವ್ಯವಹಾರ ಅವರಿಗೆ ಗೊತ್ತಿತ್ತು.

"ಟೋಪಿ ಉಲ್ಟಾ ಐತಿ," ಅಂದಳು ಶಿವಲೀಲಾ.

"ಬಿಗಿ ಐತ್ರಿ. ನಿಮ್ಮಂಗ ಸಡಿಲ ಹಾಕೂದಿಲ್ಲ."

ಮಾತು ಚುಚ್ಚಿತು. ಹಲ್ಲು ಕಚ್ಚಿ ಸಹಿಸಿಕೊಂಡಳು. ಕೂದಲ ಎಳೆಯೊಂದೂ ಹೊರಗಿರದಂತೆ ಟೋಪಿ ಕಟ್ಟಿ, ಗಾಳಿ ಸೋಸುವ ಮೇಜಿನ ಮುಂದೆ ಕೂತು ಮುಚ್ಚಳ ತೆಗೆದಳು. ದ್ರವದ ನಳಿಕೆ ಎತ್ತಿ ಮತ್ತೆ ಕೆಳಗಿಟ್ಟಳು. ಹಿಂದಿನಿಂದ ದನಿ ಬಂತು, ಈ ಸಲ ಖಾರ ಇಲ್ಲದ ದನಿ.

"ನಿಧಾನ ಹಾಕ್ರಿ. ಏನೂ ಅವಸರ ಇಲ್ಲ. ನಾ ಅದೀನಿ."

ಹನಿ ಹನಿಯಾಗಿ ದ್ರವ ಇಳಿಯಿತು. ಮುಚ್ಚಳ ಮುಚ್ಚಿದ ಮೇಲೆಯೇ ಇಬ್ಬರೂ ಉಸಿರು ಬಿಟ್ಟರು. ಪಟ್ಟಿಯನ್ನು ಸೂಕ್ಷ್ಮದರ್ಶಕಕ್ಕೆ ಇಟ್ಟು ಅವಳು ಪಕ್ಕಕ್ಕೆ ಸರಿದಳು.

ಗಾಳೇಶ ಬಹಳ ಹೊತ್ತು ನೋಡಿದ.

"ಇದೊಂದು ಮನಿಯಾಗ ನಡುವ ಗ್ವಾಡಿ ಎಬ್ಬಿಸಿದಂಗ ಕಾಣತೈತಿ. ನಮ್ಮ ಕಾಕಾ-ಅಪ್ಪ ಬ್ಯಾರಿ ಆದಾಗ ಎಬ್ಬಿಸಿದ್ರಲ್ಲ, ಹಂಗ. ಇದೂ ಕೆಟ್ಟಿತೇನ್ರಿ?"

ಅವಳು ಅವನ ಭುಜದ ಪಕ್ಕದಿಂದ ಬಗ್ಗಿ ನೋಡಿದಳು. ನೋಡಿ, ಕಣ್ಣು ಮುಚ್ಚಿ ತೆರೆದು, ಮತ್ತೆ ನೋಡಿದಳು.

"ಇಲ್ಲ. ಅದು ಜಗಳದ ಗ್ವಾಡಿ ಅಲ್ಲ. ಒಂದು ಕೋಶ ಇದ್ದದ್ದು ಎರಡಾಗಾಕ ಹತ್ತೈತಿ. ನಿಮ್ಮ ಗಿಡ ಬೆಳ್ಯಾಕ ಹತ್ತೈತಿ."

ಅವನು ತಲೆ ಎತ್ತಲಿಲ್ಲ. ಕಣ್ಣು ಒದ್ದೆಯಾಗಿದ್ದು ಅವಳಿಗೆ ಕಾಣಬಾರದೆಂದು ಹಾಗೇ ಬಗ್ಗಿಕೊಂಡಿದ್ದ.

"ಸಿಟ್ಟು ಹೋತೇನ್ರಿ?" ಮೆಲ್ಲಗೆ ಕೇಳಿದಳು.

"ಅರ್ಧ."

"ಉಳದ ಅರ್ಧ?"

"ಅದು ಇಷ್ಟಕ್ಕ ಹೋಗೂದಿಲ್ರಿ. ದಿನಾ ಒಂದಿಷ್ಟು ಜಗಳಾಡಿ ಕಳಿಬೇಕು. ಅದಕ್ಕ ಇಬ್ರೂ ಒಂದು ಮನಿಯಾಗ ಇರಬೇಕಾಗತೈತಿ." ಈಗ ಅವನು ತಲೆ ಎತ್ತಿದ. "ಖರೇ ಹೇಳ್ರಿ, ಇರ್ತೀರೇನು?"

ಶಿವಲೀಲಾ ಅವನ ಉಲ್ಟಾ ಟೋಪಿಯನ್ನು ಎರಡೂ ಕೈಯಿಂದ ಹಿಡಿದು ಸರಿಯಾಗಿ ತಿರುಗಿಸಿದಳು.

"ಇರ್ತೀನಿ. ಆದ್ರ ನಾ ಸೋಲಾಕಿ ಅಲ್ಲ."

"ಗೊತ್ತೈತ್ರಿ. ಅದಕ್ಕ ಕೇಳಿದೆ."