ಎಸ್ತೇರಮ್ಮ ಒತ್ತದ ಹೆಬ್ಬೆಟ್ಟು

ನಾರಾಯಣಖೇಡ ಸೀಮೆಯ ಚರ್ಚುಗಳ ಇತಿಹಾಸ, ಇಲೆಕ್ಷನ್ನುಗಳ ಮೇಲೆ ಅವು ಬೀರಿದ ಪ್ರಭಾವದ ಬಗ್ಗೆ ನಾನೊಂದು ಪುಸ್ತಕ ಬರೆದೆ. ಎಲ್ಲವನ್ನೂ ಹೇಳಿದವಳು ಊರೂರು ತಿರುಗಿ ಬೈಬಲ್ ಕಥೆ ಹೇಳುತ್ತಿದ್ದ ಮುದುಕಿ ಎಸ್ತೇರಮ್ಮ. ಅವಳಿಗೆ ಓದು ಬರಹ ಬಾರದು. ನಾನು ಬರೆದದ್ದನ್ನು ಓದಿ ಹೇಳುತ್ತಿದ್ದೆ. ಸರಿಯೆನಿಸಿದರೆ ಹಾಳೆಯ ಕೆಳಗೆ ಹೆಬ್ಬೆಟ್ಟು ಒತ್ತುತ್ತಿದ್ದಳು.

"ಪಾದ್ರಿ ನಮಗ ಒಂದ್ ಮಾತ್ ಕೇಳಲ್ದೆ ನಮ್ಮೆಲ್ಲರ ಓಟು ಲೀಡರಗ ಒಪ್ಪಿಸಿ ಬಂದಾನ್ರಿ ಮಾಸ್ತರ್. ಅದೊಂದ್ ಬಿಡಬ್ಯಾಡ್ರಿ," ಅಂದಿದ್ದಳು.

ಬರೆದು ಮುಗಿಸುವ ಮೊದಲೇ ಅವಳು ತೀರಿಕೊಂಡಳು. ಪುಸ್ತಕದ ಬಿಡುಗಡೆಗೆ ಆ ಲೀಡರನ್ನೇ ಕರೆಯುವ ಆಸೆಗೆ ಬಿದ್ದು, ನಲವತ್ತನೇ ಪುಟದಲ್ಲಿ 'ಜನರೇ ಮನಸಾರೆ ಓಟು ಹಾಕಿದರು' ಎಂದು ಬರೆದುಬಿಟ್ಟೆ.

ಜಹೀರಾಬಾದಿನ ಪ್ರೆಸ್ಸಿನಿಂದ ಬಂದ ಕಟ್ಟನ್ನು ಹಾಡಹಗಲೇ ಬಿಚ್ಚಿದೆ. ಸುಡುಬಿಸಿಲಲ್ಲೂ ಕಾಗದ ತಣ್ಣಗಿತ್ತು. ಪ್ರತಿ ಪುಟದ ಕೆಳಗೂ ನೀಲಿ ಹೆಬ್ಬೆಟ್ಟು. ಮುಟ್ಟಿದರೆ ಬೆರಳಿಗೆ ಹಸಿ ಶಾಯಿ. ಇನ್ನೊಂದು ಪ್ರತಿ ತೆರೆದೆ, ಮತ್ತೊಂದು ತೆರೆದೆ. ಎಲ್ಲದರಲ್ಲೂ ಅದೇ. ನಲವತ್ತನೇ ಪುಟದ ಕೆಳಗೆ ಮಾತ್ರ ಖಾಲಿ.

ಬಿಡುಗಡೆ ಆಗಲಿಲ್ಲ. ಈಗ ದಿನಕ್ಕೊಂದು ಪ್ರತಿ ತೆಗೆದು, ಆ ಪುಟವನ್ನು ಅವಳು ಹೇಳಿದಂತೆಯೇ ತಿದ್ದಿ, ಗಟ್ಟಿಯಾಗಿ ಓದಿ ಕಾಯುತ್ತೇನೆ. ಉಳಿದ ಪುಟಗಳ ಶಾಯಿ ಇನ್ನೂ ಆರಿಲ್ಲ. ಆ ಪುಟಕ್ಕೆ ಹೆಬ್ಬೆಟ್ಟು ಇನ್ನೂ ಬಿದ್ದಿಲ್ಲ.