ಊರಮ್ಮನ ಬೆಳ್ಳಿ ಮುಖ

ಹೆಬ್ಬಾಳದಿಂದ ಯಲಹಂಕದವರೆಗೆ ಧೈರ್ಯದಲ್ಲಿ ಈ ತ್ರಿವಿಕ್ರಮನನ್ನು ಮೀರಿಸಿದವರು ಯಾರೂ ಇರಲಿಲ್ಲ. ಅಂಥ ನನ್ನನ್ನೂ ಅಬ್ಬಿಗೆರೆಯ ಊರಮ್ಮನ ಗುಡಿ ಒಂದು ಕ್ಷಣ ಹೊಸ್ತಿಲಾಚೆ ನಿಲ್ಲಿಸಿತು.

ಆ ಮಂಗಳವಾರ ಬೆಳಿಗ್ಗೆ ಧನುಶ್ರೀ ಎಂಬ ಹುಡುಗಿ ಅಬ್ಬಿಗೆರೆ ಪಕ್ಕದ ಸಿಂಗಾಪುರದಲ್ಲಿರುವ ಪಂಕಜಾ ಮೇಡಂ ಮನೆಗೆ ಬಂದಳು. ಮೇಡಂ ಮೂವತ್ತೊಂದು ವರ್ಷ ಕೋರ್ಟಿನಲ್ಲಿ ಶಿರಸ್ತೇದಾರರಾಗಿದ್ದು ನಿವೃತ್ತರಾದವರು. ಅವರು ಬಿಡಿಸಿದ ನಲವತ್ತು ಸಾವಿರ ಒಗಟುಗಳಲ್ಲಿ ಅರ್ಧದಷ್ಟನ್ನು ಬಿಡಿಸಿದ್ದು ಅವರ ಸಹಾಯಕನಾದ ನಾನೇ.

"ಊರಮ್ಮನ ಬೆಳ್ಳಿ ಮುಖ ಕದ್ದೆ ಅಂತ ನನ್ ಮೇಲೆ ಎಫ್‌ಐಆರ್ ಆಗಿದೆ ಮೇಡಂ," ಎಂದಳು. "ಶುಕ್ರವಾರ ಸರ್ಕಾರಿ ಶಾಲೇಲಿ ಟೀಚರ್ ಕೆಲಸಕ್ಕೆ ಸೇರ್ಬೇಕು. ಕೇಸ್ ಇದ್ರೆ ಆರ್ಡರ್ ಕ್ಯಾನ್ಸಲ್. ಕೇಸ್ ರದ್ದು ಮಾಡಿ ಅಂತ ಹೈಕೋರ್ಟಲ್ಲಿ ಅರ್ಜಿ ಹಾಕಿದೀವಿ, ನಾಳೆ ಜಡ್ಜ್ ಮುಂದೆ ಬರುತ್ತೆ."

ಗುಡಿಯ ಬೀಗದ ಕೈ ತಲೆಮಾರುಗಳಿಂದ ಇದ್ದದ್ದು ಅವಳ ತಾತ ಪಿಳ್ಳಣ್ಣನವರ ಮನೆಯಲ್ಲಿ. ಅವರು ಹಿಂದಿನ ವಾರದ ಸೋಮವಾರ ತೀರಿಕೊಂಡಿದ್ದರು. ದೂರು ಕೊಟ್ಟವನು ಗುಡಿ ಸಮಿತಿಯ ಕಾರ್ಯದರ್ಶಿ ಗೋಕುಲ್. ಮೇಡಂ ದೂರನ್ನು ಜೋರಾಗಿ ಓದಿದರು. ಮೂರನೇ ಪ್ಯಾರಾ: 'ಸಾವಿನ ಮರುದಿನ ಮಂಗಳವಾರ ನಾನೇ ಬೀಗ ಹಾಕಿ ಅರಗಿನ ಮುದ್ರೆ ಒತ್ತಿದೆ. ಭಾನುವಾರದವರೆಗೆ ಮುದ್ರೆ ಒಡೆದಿರಲಿಲ್ಲ.' ಏಳನೆಯದು: 'ಶುಕ್ರವಾರ ಧನುಶ್ರೀ ಗುಡಿಯೊಳಗೆ ನಿಂತು ಅಮ್ಮನ ಮುಖ ಕಳಚುತ್ತಿದ್ದುದನ್ನು ಕಿಂಡಿಯಿಂದ ಕಂಡೆ.'

"ಬೆಟ್ಟದಂಥ ದೂರು," ಎಂದೆ ನಾನು. ಮೇಡಂ ನಕ್ಕರು.

"ಭಾನುವಾರ ಮುಚ್ಚಿದ ಗುಡಿಯಿಂದ ಗೆಜ್ಜೆ ಸದ್ದು ಬಂತು. ಸಮಿತಿಯವ್ರು ಮುದ್ರೆ ಒಡೆದು ಬಾಗಿಲು ತೆಗೆದ್ರೆ ಅಮ್ಮನಿಗೆ ಮುಖಾನೇ ಇಲ್ಲ. ಸದ್ದು ಇನ್ನೂ ನಿಂತಿಲ್ಲ," ಎಂದಳು ಧನುಶ್ರೀ. "ನಾನು ಕದ್ದಿಲ್ಲ ಅಂತ ನಾಳೆ ಸಾಕ್ಷಿ ಹೇಳಿಸ್ಲಾ?"

"ಈಗ ಸಾಕ್ಷಿ ಕೇಳಲ್ಲಮ್ಮ. ಯಾರು ಸುಳ್ಳು, ಯಾರು ನಿಜ ಅಂತ ತೂಗೋದು ಆಮೇಲೆ. ಈಗ ದೂರಿನ ಪ್ರತಿ ಮಾತೂ ನಿಜ ಅಂತಲೇ ಓದ್ತಾರೆ. ಹಾಗೆ ಓದಿದ್ರೂ ಅಪರಾಧ ಕಾಣ್ಬಾರ್ದು, ಇಲ್ಲಾ ಬರೆದಿರೋದು ನಡೆಯೋಕೇ ಆಗ್ಬಾರ್ದು, ಇಲ್ಲಾ ಹಗೆ ಸಾಧಿಸೋಕೆ ಹಾಕಿದ್ದು ಅಂತ ಎದ್ದು ಕಾಣ್ಬೇಕು. ಆಗ ಮಾತ್ರ ಕೇಸ್ ರದ್ದು. ನಡಿ, ಗುಡಿ ನೋಡೋಣ."

ಹೊರಗೆ ಸುಡು ಮಧ್ಯಾಹ್ನ. ಗುಡಿಯೊಳಗೆ ಬಾವಿಯ ತಂಪು. ಕಣ್ಣು ಮೂಗಿಲ್ಲದ ಕರಿಕಲ್ಲೊಂದು ನಮ್ಮತ್ತ ತಿರುಗಿ ಕೂತಿತ್ತು. ಅದರ ಹಣೆಯ ಕುಂಕುಮವನ್ನು ಯಾರೋ ನಾಜೂಕಾಗಿ ಒರೆಸಿದ್ದರು. ಬುಡದಲ್ಲಿ ಐದಾರು ರಾಗಿ ಕಾಳು. ಅಷ್ಟರಲ್ಲಿ ಪಕ್ಕದ ಗೋಡೆಯೊಳಗಿಂದ ಗೆಜ್ಜೆ ಉಲಿಯಿತು: ಒಮ್ಮೆ, ಸ್ವಲ್ಪ ತಡೆದು ಇನ್ನೊಮ್ಮೆ. ಹೊರಗಿನ ಕಾವಲೂ ಮುಖ್ಯವೆಂದು ನಾನು ಮಿಂಚಿನಂತೆ ರಸ್ತೆಗೆ ಧಾವಿಸಿದೆ.

ಗೋಡೆಯ ಆಚೆಗೇ ಧನುಶ್ರೀ ಮನೆ. ಅವಳ ಅಜ್ಜಿ ಸೊಣ್ಣಮ್ಮ ಮರದ ದೊಡ್ಡ ರಾಗಿ ಪೆಟ್ಟಿಗೆಯ ಮೇಲೆ ಕೂತಿದ್ದರು. ಗಂಡ ಹೋದಾಗಿನಿಂದ ಮಾತೇ ಇರಲಿಲ್ಲ. ಧನುಶ್ರೀ ಅಂಗಡಿಯಿಂದ ತಂದ ರಾಗಿ ಹಿಟ್ಟಿನ ಪ್ಯಾಕೆಟ್ ಒಡೆದು ಮುದ್ದೆಗಿಟ್ಟಳು.

"ಪೆಟ್ಟಿಗೆ ಖಾಲಿಯಾ?" ಎಂದು ಮೇಡಂ ಕೇಳಿದರು.

"ತುಂಬಿದೆ. ಅಜ್ಜಿ ಮುಟ್ಟೋಕೆ ಬಿಡಲ್ಲ."

ಸಂಜೆ ಮೇಡಂ ಎಲ್ಲರನ್ನೂ ಆ ಮನೆಯ ಅಂಗಳಕ್ಕೆ ಕರೆಸಿದರು. ಗೋಕುಲ್, ಊರ ಹಿರಿಯ ನರಸಿಂಹಯ್ಯ, ಇನ್ನೊಂದು ಹತ್ತು ಲಕ್ಷ ಜನ ಸೇರಿದ್ದರು.

"ಮುದ್ರೆ ಒಡೀದೆ ಹುಡುಗಿ ಒಳಗೆ ಹೇಗ್ ಹೋದ್ಲು ಗೋಕುಲ್?"

ಗೋಕುಲ್ ದೂರಿನ ಪ್ರತಿಗಾಗಿ ಜೇಬು ತಡಕಿದ. ಮೇಡಂ ಮುಂದುವರಿಸಿದರು.

"ನಿಮ್ಮ ಕಾವಲು ಎಷ್ಟು ಭದ್ರ ಅಂತ ಹೊಗಳ್ಕೊಳ್ಳೋಕೆ ಮೂರನೇ ಪ್ಯಾರಾ ಬರೆದ್ರಿ. ಅದೇ ಏಳನೆಯದನ್ನ ಕೊಂದು ಹಾಕ್ತು. ಮುದ್ರೆ ಒತ್ತೋವಾಗ ಒಳಗೆ ನೋಡಿದ್ರಾ?"

ಉತ್ತರ ಕೊಟ್ಟವರು ನರಸಿಂಹಯ್ಯ. "ಸೂತಕದಾಗೆ ಅಮ್ಮನ್ನ ನೋಡಂಗಿಲ್ಲ ಕಣಮ್ಮ. ತಲೆ ತಿರುಗಿಸ್ಕೊಂಡೇ ಬಾಗ್ಲು ಎಳಿಯೋದು."

"ಅಂದ್ರೆ ಮುದ್ರೆ ಬೀಳೋಕೆ ಮುಂಚೆನೇ ಮುಖ ಹೋಗಿತ್ತು. ಕಳ್ಳ ಆಗಿದ್ರೆ ಕಿತ್ಕೊಂಡು ಓಡ್ತಿದ್ದ, ಕುಂಕುಮ ಒರೆಸ್ತಿರ್ಲಿಲ್ಲ. ಕಲ್ಲಿನ ಹತ್ರ ರಾಗಿ ಚೆಲ್ಲಿತ್ತು. ಪೆಟ್ಟಿಗೆ ತುಂಬಾ ರಾಗಿ ಇರೋ ಮನೇಲಿ ಅಂಗಡಿ ಹಿಟ್ಟು ಬೇಯ್ತಿತ್ತು. ಸದ್ದು ಬರ್ತಿರೋದೂ ಗುಡಿಯಿಂದ ಅಲ್ಲ, ಈ ಗೋಡೆ ಕಡೆಯಿಂದ. ಬೀಗದ ಮನೆ ಯಜಮಾನ ಹೋದ್ರೆ ಅಮ್ಮನ ಮುಖ ಇಳಿಸ್ತಾರಾ ನರಸಿಂಹಯ್ಯನವರೇ?"

ಮುದುಕರು ತಡವರಿಸಿದರು. "ಐವತ್ತು ವರ್ಷದ ಇಂದೆ ಕೇಳಿದ್ದೆ. ಯಜಮಾನನ ಎಂಡ್ತಿ ಮುಖ ಇಳಿಸಿ, ಮಡ್ಲು ರಾಗೀಲಿ ಮನೆಗೆ ತಂದು, ಪೆಟ್ಟಿಗೆ ರಾಗೀಲಿ ಮಲಗಿಸ್ಬೇಕು. ಅನ್ನೊಂದು ದಿನ ಅವ್ಳು ಬಾಯೇ ಬಿಡಂಗಿಲ್ಲ. ಗಂಡಸ್ರಿಗೆ ಇದ್ನೆಲ್ಲ ಯಾರೇಳ್ತಾರೆ."

ಒಳಗೆ ಕೂತಿದ್ದ ಸೊಣ್ಣಮ್ಮ ಪೆಟ್ಟಿಗೆಯಿಂದ ಎದ್ದು ನಿಂತರು, ಅಷ್ಟೆ.

ಮುಚ್ಚಳ ತೆಗೆದಾಗ ರಾಗಿಯೊಳಗಿಂದ ಬೆಳ್ಳಿ ಮುಖ ನಮ್ಮನ್ನೇ ನೋಡುತ್ತಿತ್ತು, ಕಣ್ಣಿನ ಗುಳಿಗಳ ತುಂಬ ಕಾಳು. ಪಕ್ಕದಲ್ಲಿದ್ದ ಅಮ್ಮನ ಗೆಜ್ಜೆಯನ್ನು ಅಲುಗಿಸಿ ಇಲಿಯೊಂದು ಹೊರಗೆ ಹಾರಿತು. ಅದು ಹುಲಿಯಷ್ಟಿತ್ತು ಎಂದು ನಾನು ಇಂದಿಗೂ ಪ್ರಮಾಣ ಮಾಡಬಲ್ಲೆ.

"ಮುಖ ಹೋಗಿದ್ದಕ್ಕೆ ನನ್ನನ್ನೇ ಹಿಡೀತಾರೆ ಅಂತ ಭಯ ಆಯ್ತು," ಎಂದ ಗೋಕುಲ್. "ಬೀಗದ ಕೈ ಸಮಿತಿಗೆ ಕೊಡಲ್ಲ ಅಂತ ಇವ್ಳು ಜಗಳ ಆಡಿದ್ಲಲ್ಲ, ಅದಕ್ಕೇ ಇವಳ ಹೆಸ್ರು ಬರೆದೆ."

"ನಾಳೆ ಕೋರ್ಟಲ್ಲಿ ನನ್ನ ತಕರಾರಿಲ್ಲ ಅಂತ ಹೇಳ್ಬಿಡಿ," ಎಂದರು ಮೇಡಂ.

ಬುಧವಾರ ನ್ಯಾಯಾಧೀಶರು ಆ ಎರಡು ಪ್ಯಾರಾಗಳನ್ನು ಎರಡು ಸಲ ಓದಿದರು. ದೂರು ನೀಡಿದವರ ಮಾತನ್ನೇ ಪೂರ್ತಿ ನಂಬಿದರೂ ಇದು ನಡೆಯಲು ಸಾಧ್ಯವಿಲ್ಲ ಎಂದು ಪ್ರಕರಣ ರದ್ದುಪಡಿಸಿದರು. ಧನುಶ್ರೀ ಆದೇಶದ ಪ್ರತಿಯನ್ನು ಎದೆಗವಚಿಕೊಂಡು ಬಂದಳು.

ಗುರುವಾರ ಹನ್ನೊಂದನೇ ದಿನ. ಮುಖ ಮತ್ತೆ ಕಲ್ಲಿಗೇರಿತು. ಪೂಜೆ ಮುಗಿದ ಮೇಲೆ ಧನುಶ್ರೀ ಅಜ್ಜಿಯ ಎದುರು ಕೂತಳು.

"ಅಜ್ಜಿ, ನನ್ನ ಜೈಲಿಗೆ ಹಾಕಿದ್ರೂ ನೀನು ಬಾಯಿ ಬಿಡ್ತಿರ್ಲಿಲ್ವಾ?"

ಹನ್ನೊಂದು ದಿನಗಳಲ್ಲಿ ಮೊದಲ ಬಾರಿಗೆ ಸೊಣ್ಣಮ್ಮನ ದನಿ ಹೊರಟಿತು.

"ಬಿಡ್ತಿರ್ಲಿಲ್ಲ ಕಣವ್ವ. ನೀನು ಒಳಗಿರೋಗಂಟ ಜೈಲ್ ಬಾಗ್ಲಾಗೆ ಕುಂತಿರ್ತಿದ್ದೆ."