ಹನ್ನೊಂದು ಸೆಕೆಂಡಿನ ಮುಖ

ಅನ್ನವ್ವನಿಗೆ ಮುಂದಿನ ಎರಡು ಹಲ್ಲು ಇರಲಿಲ್ಲ.

ಫೋಟೋ ಅಂದರೆ ಸಾಕು, ಸೆರಗು ಬಾಯಿಗೆ ಬರುತ್ತಿತ್ತು. ಅವಳು ಸತ್ತ ಮೇಲೆ ಮಗಳು ಅಂಕಿತಾಳಿಗೆ ಉಳಿದದ್ದು ಆಧಾರ್ ಕಾರ್ಡಿನ ಮಸುಕು ಮುಖವೊಂದೇ.

ಹಾನಗಲ್ಲಿನಲ್ಲಿ ಇವತ್ತು ಅವ್ವನ ಕೌದಿಯ ಸಾಕ್ಷ್ಯಚಿತ್ರ ತೋರಿಸುತ್ತಾರೆಂದು ಕೇಳಿ ಅಕ್ಕಿಆಲೂರಿನಿಂದ ಬಸ್ಸಿನಲ್ಲಿ ನಿಂತೇ ಬಂದಿದ್ದಳು. ಹಳೇ ಸೀರೆಗಳನ್ನು ಪದರ ಹಾಕಿ ಕೌದಿ ಹೊಲಿಯುವುದರಲ್ಲಿ ಅವ್ವನೇ ಅವರ ಓಣಿಗೆ ಕೊನೆಯವಳು. ಅವಳನ್ನು ಹನ್ನೆರಡು ದಿನ ಚಿತ್ರೀಕರಿಸಿದವನು ಶರಣು. ಅಷ್ಟೂ ದಿನ ಬೆಳಕಿಗಾಗಿ ಥರ್ಮಾಕೋಲ್ ಹಾಳೆ ಹಿಡಿದು ನಿಂತವಳು ಅಂಕಿತಾ. ನಿಂತಷ್ಟು ಹೊತ್ತೂ ಅವನನ್ನೇ ನೋಡಿದ್ದಳು. ಅವನಿಗೂ ಅದು ಗೊತ್ತಿತ್ತು.

ಹತ್ತೊಂಬತ್ತು ನಿಮಿಷದ ಚಿತ್ರ. ಕೈ, ಸೂಜಿ, ದಾರ, ಮತ್ತೆ ಕೈ... ಮುಖ ಇಲ್ಲ.

ಜನ ಚಪ್ಪಾಳೆ ತಟ್ಟುವಾಗಲೇ ಅವಳು ಶರಣುವಿನ ಎದುರು ಹೋಗಿ ನಿಂತಳು.

“ನಮ್ಮವ್ವಗ ತಲಿ ಇರಲಿಲ್ಲೇನ್ರಿ?”

ಅವನು ಬಾಗಿಲತ್ತ ಕೈ ತೋರಿದ. “ಅಂಕಿತಾ... ಹೊರಗ ಬರ್ರಿ, ಹೇಳ್ತೇನಿ.”

“ಅವ್ವನ ಮಣ್ಣಿಗೆ ಬಂದು ಹೋದವ್ರು ಹದಿಮೂರು ತಿಂಗಳು ಫೋನ್ ಎತ್ತಲಿಲ್ಲ. ಕೆಲಸ ಮುಗೀತು, ನಾವೂ ಮುಗದ್ವಿ. ಹೌದಲ್ಲ?”

ಹೊರಗಿನ ಕಟ್ಟೆಯ ಮೇಲೆ ಕುಳಿತರು. ಜಗಳಕ್ಕೆ ಬೇಕಾದ ಶಕ್ತಿ ಇಬ್ಬರಲ್ಲೂ ಇರಲಿಲ್ಲ.

“ಮೊದಲ್ನೇ ದಿನಾನ, ನೀವು ಚಾ ಮಾಡಾಕ ಒಳಗ ಹೋದಾಗ, ನಿಮ್ಮವ್ವ ಆಣಿ ಮಾಡಿಸಿಕೊಂಡ್ರು. ‘ತಮ್ಮಾ, ಬರೇ ಕೈ ತಗಿ. ಹಲ್ಲು ಕಟ್ಟಿಸಿಕೊಂಡ ಮ್ಯಾಲ ಮಾರಿ ತಗಿಯುವಂತಿ. ಬೊಚ್ಚಬಾಯಿ ಮಂದಿಗೆ ತೋರಿಸಿದ್ರ ಇದ ಸೂಜೀಲೆ ನಿನ್ನ ಬಾಯಿ ಹೊಲೀತೇನಿ’ ಅಂದ್ರು.”

ಅಂಕಿತಾಳಿಗೆ ಅವ್ವನ ದನಿಯೇ ಕೇಳಿದಂತಾಯಿತು. ಹಲ್ಲಿನ ಡಾಕ್ಟರ ಹತ್ತಿರ ಕರೆದಾಗಲೆಲ್ಲ ‘ಈ ಕೌದಿ ಮುಗೀಲಿ ತಡಿ’ ಎಂದವಳು ಅವಳು.

“ನನಗ್ಯಾಕ ಹೇಳಲಿಲ್ಲ?”

“ಹೇಳಿದ್ರ, ಮಾರಿ ಒಂದು ಶಾಟಿನಾಗೂ ಇಲ್ಲೇನು ಅಂತ ಕೇಳ್ತಿದ್ರಿ. ಒಂದರಾಗ ಐತಿ. ನಿಮ್ಮ ಮುಂದ ಸುಳ್ಳು ಹೇಳಾಕ ಆಗೂದಿಲ್ಲ. ಅದಕ್ಕ ಫೋನ್ ಎತ್ತಲಿಲ್ಲ.”

ಐತಿ... ಅವ್ವನ ಮುಖ ಐತಿ...

“ತೋರಸ್ರಿ.”

“ಮಾತು ಕೊಟ್ಟೇನಿ.”

“ಮಂದಿಗೆ ತೋರಸಬ್ಯಾಡ ಅಂದಾಳ. ನಾನು ಮಂದಿ ಏನ್ರಿ?”

ಇಷ್ಟು ಸರಳವಾದದ್ದು ಅವನಿಗೆ ಒಂದು ದಿನವೂ ಹೊಳೆದಿರಲಿಲ್ಲ. ಲ್ಯಾಪ್‌ಟಾಪ್ ತೆಗೆದ.

ಪರದೆಯಲ್ಲಿ ಶರಣು ಸೂಜಿಗೆ ದಾರ ಪೋಣಿಸಲು ಹೋಗಿ ಬೆರಳು ಚುಚ್ಚಿಕೊಂಡ. ಅನ್ನವ್ವನ ಕೈತುಂಬ ಕೌದಿ. ಸೆರಗು ಹಿಡಿಯಲು ಪುರುಸೊತ್ತಿಲ್ಲ. ಬಾಯಿ ತೆರೆದು ನಕ್ಕಳು. ‘ಸಿನಿಮಾದಾವ್ಗ ಸೂಜಿ ಪೋಣಸಾಕ ಬರವಲ್ದು! ಇವನ್ನ ಕಟಗೊಂಡಾಕಿನ ಪೋಣಿಸಿ ಕೊಡಬೇಕು ನೋಡು.’

ಆ ಮಾತಿಗೆ ಥರ್ಮಾಕೋಲಿನ ಹಿಂದೆ ಮುಖ ಮುಚ್ಚಿಕೊಂಡದ್ದು ಅಂಕಿತಾಳಿಗೆ ನೆನಪಿತ್ತು. ಕ್ಯಾಮೆರಾ ಚಾಲೂ ಇದ್ದದ್ದು ಗೊತ್ತಿರಲಿಲ್ಲ.

“ಇನ್ನೊಮ್ಮೆ ಹಾಕ್ರಿ.”

ಹಾಕಿದ. ನಾಲ್ಕನೇ ಸಲ ಅವಳು ಕಣ್ಣೊರೆಸಿಕೊಂಡು ಕೇಳಿದಳು.

“ಈಗರ ಸೂಜಿ ಪೋಣಸಾಕ ಬರ್ತೈತೇನ್ರಿ?”

“ಇಲ್ಲ. ನೀವು ಪೋಣಿಸಿ ಕೊಡ್ತೀರೇನು... ಕಡೀತನಕ?”

“ಕೊಡ್ತೇನಿ. ಆದ್ರ ಫೋನ್ ಎತ್ತಬೇಕು.”

“ಎತ್ತತೇನಿ.”

ಸಿಕ್ಕಿದ್ದು ಹನ್ನೊಂದು ಸೆಕೆಂಡು. ಹೋದದ್ದು ಎರಡು ಹಲ್ಲು, ಒಬ್ಬ ಅವ್ವ, ಹದಿಮೂರು ತಿಂಗಳು.